ಒಂದು ಉಸಿರು, ಎರಡು ಕೆಲಸ: ಇಯಾನ್ ಆಂಡರ್ಸನ್ ಅವರ ಕೊಳಲು

(ಸಂಗೀತಾಸಕ್ತರ ಪುಟ್ಟ ಕೂಟವೊಂದರಲ್ಲಿ ಮಾಡಿದ ಉಪನ್ಯಾಸದ ಬರಹ ರೂಪ. ನಡುನಡುವೆ ಕೇಳಿಸಿದ ಧ್ವನಿಮುದ್ರಣಗಳು ಇಲ್ಲಿಲ್ಲ; ಎಲ್ಲಿ ಕೇಳಿಸಿದೆ ಎಂಬುದನ್ನಷ್ಟೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಹನ್ನೆರಡನೆಯ ವಯಸ್ಸಿನಲ್ಲಿ ನಾನು ಕೊಳಲು ಪಾಠಕ್ಕೆ ಹೋಗುತ್ತಿದ್ದೆ. ಸರಳೆ ಮುಗಿದು ಜಂಟಿ ವರಸೆಗೆ ಬಂದಿದ್ದ ದಿನಗಳು. ಒಂದು ಸಂಜೆ ಊದುತ್ತಾ ಊದುತ್ತಾ ನನಗೇ ತಿಳಿಯದಂತೆ ಗಂಟಲಿನಲ್ಲೂ ಅದೇ ಸ್ವರವನ್ನು ಗುನುಗಿಬಿಟ್ಟೆ. ಬಿದಿರಿನೊಳಗೆ ದುಂಬಿ ಹೊಕ್ಕಂತಹ ಸದ್ದು ಬಂತು. ತಾಳ ಹಾಕುತ್ತಿದ್ದ ಮೇಷ್ಟ್ರು ಕೈ ನಿಲ್ಲಿಸಿ, "ಹಾಡುವುದಾದರೆ ಹಾಡು, ಊದುವುದಾದರೆ ಊದು. ಎರಡನ್ನೂ ಒಟ್ಟಿಗೆ ಮಾಡಹೋದರೆ ಎರಡೂ ಕೆಡುತ್ತವೆ" ಎಂದರು. ಮತ್ತೆ ಹಾಗೆ ಮಾಡಲಿಲ್ಲ. ಕೊಳಲಿನಲ್ಲಿ ಮುಂದಕ್ಕೂ ಹೋಗಲಿಲ್ಲ, ಅದು ಬೇರೆ ಮಾತು.

ಕಾಲೇಜಿನ ಹಾಸ್ಟೆಲಿನಲ್ಲಿದ್ದಾಗ ಒಬ್ಬ ಗೆಳೆಯನ ಟೇಪ್ ರೆಕಾರ್ಡರಿನಲ್ಲಿ ಅದೇ ದುಂಬಿಯ ಸದ್ದು ಕೇಳಿಸಿತು. ಯಾರೋ ಕೊಳಲಿನೊಳಗೆ ಹಾಡುತ್ತಿದ್ದರು, ಗದರುತ್ತಿದ್ದರು, ಏದುಸಿರು ಬಿಡುತ್ತಿದ್ದರು. ನಡುವೆ ಡ್ರಮ್ಮು, ವಿದ್ಯುತ್ ಗಿಟಾರ್. ನನ್ನ ಮೇಷ್ಟ್ರು ಬೇಡವೆಂದದ್ದನ್ನೇ ಬಂಡವಾಳ ಮಾಡಿಕೊಂಡ ಆ ಮನುಷ್ಯನ ಹೆಸರು ಇಯಾನ್ ಆಂಡರ್ಸನ್, ತಂಡದ ಹೆಸರು ಜೆಥ್ರೊ ಟಲ್. ಇವತ್ತಿನ ಮಾತು ಅವರ ಬಗ್ಗೆ, ಅದಕ್ಕಿಂತ ಹೆಚ್ಚಾಗಿ ಅವರ ಉಸಿರಿನ ಬಗ್ಗೆ. ಗಿಟಾರ್ ನುಡಿಸುತ್ತಾ ಹಾಡುವವರ ಕೈ ಒಂದು ಕೆಲಸ ಮಾಡಿದರೆ ಗಂಟಲು ಇನ್ನೊಂದು ಮಾಡುತ್ತದೆ. ಹಾಡುಗಾರನೇ ಕೊಳಲುಗಾರನೂ ಆದರೆ ಹಾಗಾಗುವುದಿಲ್ಲ. ಹಾಡಿನ ಸಾಲು ಮುಗಿದಾಗ ಎಲ್ಲರೂ ಉಸಿರು ತೆಗೆದುಕೊಳ್ಳುತ್ತಾರೆ. ಅವನು ಅದೇ ಕ್ಷಣದಲ್ಲಿ ಕೊಳಲನ್ನು ತುಟಿಗೆ ತರಬೇಕು. ಐವತ್ತು ವರ್ಷಕ್ಕೂ ಮಿಕ್ಕಿ ಆಂಡರ್ಸನ್ ಮಾಡಿಕೊಂಡು ಬಂದಿರುವುದು ಇದನ್ನೇ.

ಆಂಡರ್ಸನ್ ಹುಟ್ಟಿದ್ದು 1947ರ ಆಗಸ್ಟ್ 10ರಂದು, ಸ್ಕಾಟ್ಲೆಂಡಿನ ಡನ್‌ಫರ್ಮ್‌ಲಿನ್ ಊರಿನಲ್ಲಿ. ಬಾಲ್ಯದ ಒಂದಷ್ಟು ವರ್ಷ ಎಡಿನ್‌ಬರೋದಲ್ಲಿ ಕಳೆಯಿತು. 1959ರಲ್ಲಿ ಕುಟುಂಬ ಇಂಗ್ಲೆಂಡಿನ ಪಶ್ಚಿಮ ಕರಾವಳಿಯ ಬ್ಲ್ಯಾಕ್‌ಪೂಲ್‌ಗೆ ಬಂತು. ಅದು ಆಗ ಗಿರಣಿ ಕಾರ್ಮಿಕರು ರಜೆಯಲ್ಲಿ ಬಂದು ಹೋಗುತ್ತಿದ್ದ ಊರು. ಹುಡುಗ ಅಲ್ಲಿನ ಕಲಾ ಶಾಲೆಗೆ ಸೇರಿದ, ಶಾಲೆಯ ಗೆಳೆಯರೊಂದಿಗೆ ತಂಡ ಕಟ್ಟಿದ, ಗಿಟಾರ್ ಹಿಡಿದ. 1967ರ ಕೊನೆಗೆ ಲಂಡನ್ನಿನ ಉತ್ತರಕ್ಕಿರುವ ಲೂಟನ್ ಪಟ್ಟಣಕ್ಕೆ ಹೋದಾಗ ತಂಡದ ಹಳಬರು ಒಬ್ಬೊಬ್ಬರಾಗಿ ಊರಿಗೆ ಮರಳಿದರು. ಹೊಟ್ಟೆಪಾಡಿಗೆ ಆಂಡರ್ಸನ್ ಅಲ್ಲಿನ ರಿಟ್ಜ್ ಚಿತ್ರಮಂದಿರದಲ್ಲಿ ಕಸ ಗುಡಿಸುವ, ಶೌಚಾಲಯ ತೊಳೆಯುವ ಕೆಲಸ ಮಾಡಿದರು.

ಆ ವರ್ಷವೇ ಇನ್ನೊಂದು ಘಟನೆ ನಡೆದಿತ್ತು. ಎರಿಕ್ ಕ್ಲ್ಯಾಪ್ಟನ್ ನುಡಿಸುವುದನ್ನು ಕೇಳಿದ ಮೇಲೆ, ತಾನೆಂದೂ ಆ ಮಟ್ಟದ ಗಿಟಾರ್ ವಾದಕನಾಗಲಾರೆ ಎಂದು ಆಂಡರ್ಸನ್‌ಗೆ ಖಾತ್ರಿಯಾಯಿತು. ಇದ್ದ ಫೆಂಡರ್ ಗಿಟಾರನ್ನು ಅಂಗಡಿಗೆ ಕೊಟ್ಟು, ಅದರ ಬದಲಿಗೆ ಒಂದು ಮೈಕನ್ನೂ ಒಂದು ಕೊಳಲನ್ನೂ ತಂದರು. ಬೆಲೆಯಲ್ಲಿ ನಷ್ಟದ ವ್ಯಾಪಾರವೇ. ಕೊಳಲು ಯಾಕೆ? ಗೋಡೆಯ ಮೇಲೆ ಹೊಳೆಯುತ್ತಾ ತೂಗಾಡುತ್ತಿತ್ತು, ರಾಕ್ ಲೋಕದಲ್ಲಿ ಅದನ್ನು ಹಿಡಿದವರು ಹೆಚ್ಚಿರಲಿಲ್ಲ. ಅದಕ್ಕಿಂತ ದೊಡ್ಡ ಕಾರಣವೇನೂ ಇದ್ದಂತಿಲ್ಲ. ಆದರೆ ಮನೆಗೆ ತಂದ ಮೇಲೆ ಅದರಿಂದ ಒಂದು ಸ್ವರವೂ ಹೊರಡಲಿಲ್ಲ. ಕೆಲವು ತಿಂಗಳು ಅದು ಮೂಲೆ ಹಿಡಿಯಿತು. ಇಲ್ಲಿ ಕುಳಿತಿರುವ ಕೊಳಲಿನವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಬಿದಿರಾದರೂ ಲೋಹವಾದರೂ ಊದುವ ರಂಧ್ರದ ಅಂಚಿಗೆ ಗಾಳಿಯ ಪಟ್ಟಿ ಸರಿಯಾದ ಕೋನದಲ್ಲಿ ಬಡಿಯುವ ತನಕ ಬರುವುದು ಬರೀ ಫೂ ಎಂಬ ಗಾಳಿ.

ಕೊನೆಗೊಂದು ದಿನ ಸ್ವರ ಹತ್ತಿತು. ಪಾಠವಿಲ್ಲ, ಗುರುವಿಲ್ಲ, ಬೆರಳಿಡುವ ನಕ್ಷೆಯಿಲ್ಲ. ಗಿಟಾರಿನಲ್ಲಿ ಗೊತ್ತಿದ್ದ ಬ್ಲೂಸ್, ಎಂದರೆ ಅಮೆರಿಕದ ಕಪ್ಪುಜನರ ಹಾಡುಗಾರಿಕೆಯಿಂದ ಬಂದ ಸಂಗೀತದ ಐದು ಸ್ವರಗಳನ್ನು ಒಂದೊಂದಾಗಿ ಹುಡುಕಿಕೊಂಡರು. ಆ ಐದು ಸ್ವರಗಳು ನಮಗೆ ಹೊಸವಲ್ಲ. ಬ್ಲೂಸ್‌ನವರ ಐದು ಸ್ವರಗಳ ಏಣಿ ಎಂದರೆ ಸ ಗ ಮ ಪ ನಿ. ಗಾಂಧಾರ, ನಿಷಾದ ಎರಡೂ ಕೋಮಲ. ನಮ್ಮ ಶುದ್ಧ ಧನ್ಯಾಸಿಯ ಸ್ವರಗಳು ಅವೇ. ಗಮಕ ಬೇರೆ, ನಡೆ ಬೇರೆ, ಭಾವ ತೀರಾ ಬೇರೆ; ಸ್ವರಸ್ಥಾನ ಮಾತ್ರ ಒಂದೇ. ಇದನ್ನು ಹೇಳಿದರೆ ಸಭೆಯಲ್ಲಿ ಯಾರಾದರೂ "ಹಾಗಾದರೆ ಎಲ್ಲವೂ ನಮ್ಮಿಂದಲೇ ಹೋದದ್ದು" ಎನ್ನುತ್ತಾರೆ. ಹಾಗಲ್ಲ. ಐದು ಸ್ವರದ ಏಣಿಗಳು ಲೋಕದಲ್ಲಿ ಎಷ್ಟೋ ಕಡೆ ತಾವಾಗಿಯೇ ಹುಟ್ಟಿಕೊಂಡಿವೆ.

ಹಾಡುತ್ತಲೇ ಊದುವ ಉಪಾಯ ಮಾತ್ರ ಅವರ ಸ್ವಂತದ್ದಲ್ಲ. ಅಮೆರಿಕದಲ್ಲಿ ರೊಲ್ಯಾಂಡ್ ಕರ್ಕ್ ಎಂಬ ಜಾಜ್ ವಾದಕರಿದ್ದರು. ಕಣ್ಣು ಕಾಣದು, ಎರಡು ಮೂರು ಸ್ಯಾಕ್ಸೊಫೋನುಗಳನ್ನು ಒಟ್ಟಿಗೇ ಬಾಯಿಗಿಟ್ಟು ನುಡಿಸುತ್ತಿದ್ದ ಅಸಾಧಾರಣ ಮನುಷ್ಯ. ಅವರು ಕೊಳಲಿನೊಳಗೆ ಗುನುಗುತ್ತಿದ್ದರು. ಕೋಗಿಲೆಯ ಹೆಸರಿನ ಅವರ ಒಂದು ರಚನೆಯನ್ನು ಕಲಿತು, ಆಂಡರ್ಸನ್ ತಮ್ಮ ಮೊದಲ ಆಲ್ಬಮ್ಮಿನಲ್ಲೇ ನುಡಿಸಿದರು. (ಇಲ್ಲಿ ಎರಡನ್ನೂ ಒಂದರ ಹಿಂದೆ ಒಂದು ಕೇಳಿಸಿದೆ.) ನೀವೇ ಕೇಳಿದಿರಿ: ಕರ್ಕ್ ಅವರದು ತೇಲುವ ಲಯ, ಆಂಡರ್ಸನ್ ಅವರದು ಹೆಜ್ಜೆ ಊರಿದ ಲಯ. ಶಿಷ್ಯ ಇನ್ನೂ ತಡವರಿಸುತ್ತಿದ್ದಾನೆ. ಆ ಧ್ವನಿಮುದ್ರಣ ನಡೆದಾಗ ಅವರು ಕೊಳಲು ಊದಲು ಕಲಿತು ಒಂದು ವರ್ಷವೂ ಆಗಿರಲಿಲ್ಲ ಎಂಬುದನ್ನು ನೆನಪಿಡಿ.

ತಂಡದ ಹೆಸರಿನ ಕಥೆಯನ್ನು ಬೇಗ ಹೇಳಿಬಿಡುತ್ತೇನೆ. ಕಾರ್ಯಕ್ರಮ ಗಿಟ್ಟಿಸುವುದೇ ಕಷ್ಟವಾಗಿದ್ದ ಕಾಲ; ವಾರಕ್ಕೊಂದು ಹೆಸರು ಬದಲಾಯಿಸಿಕೊಂಡು ಅದೇ ಕ್ಲಬ್ಬಿಗೆ ಮತ್ತೆ ಹೋಗುತ್ತಿದ್ದರು. ಏಜೆಂಟರ ಕಚೇರಿಯಲ್ಲಿ ಇತಿಹಾಸ ಓದಿಕೊಂಡವರೊಬ್ಬರು 18ನೆಯ ಶತಮಾನದ ಕೃಷಿಕ ಜೆಥ್ರೊ ಟಲ್‌ನ ಹೆಸರನ್ನು ಅಂಟಿಸಿದರು. ಆ ವಾರ ಲಂಡನ್ನಿನ ಮಾರ್ಕೀ ಕ್ಲಬ್ಬಿನವರು ಮತ್ತೆ ಬನ್ನಿ ಎಂದರು, ಹೆಸರು ಹಾಗೇ ಉಳಿಯಿತು. ಮೊದಲ ಹಾಡಿನ ತಟ್ಟೆಯ ಮೇಲೆ ಅದೂ ತಪ್ಪಾಗಿ, 'ಜೆಥ್ರೊ ಟೋ' ಎಂದು ಅಚ್ಚಾಯಿತು. ಆ ಕೃಷಿಕ ಪ್ರಸಿದ್ಧನಾದದ್ದು ಬೀಜ ಬಿತ್ತುವ ಯಂತ್ರದಿಂದ, ಎಂದರೆ ಒಂದು ಬಗೆಯ ಕೂರಿಗೆಯಿಂದ. ನಮ್ಮ ರೈತರಿಗೆ ಕೂರಿಗೆಯನ್ನು ಕಲಿಸಲು ಯಾವ ಇಂಗ್ಲಿಷಿನವನೂ ಬೇಕಾಗಿರಲಿಲ್ಲ, ಆದರೂ ಹೆಸರಿನಲ್ಲೇ ಕೂರಿಗೆ ಇರುವ ರಾಕ್ ತಂಡ ಎಂದಾಗ ನನಗೆ ಅದರ ಮೇಲೆ ಇನ್ನಷ್ಟು ಅಕ್ಕರೆ.

ಒಂಟಿ ಕಾಲಿನ ಭಂಗಿಯನ್ನು ಈ ಚಿತ್ರದಲ್ಲಿ ನೋಡುತ್ತಿದ್ದೀರಿ. ಕೆದರಿದ ತಲೆ, ಉದ್ದನೆಯ ಹಳೇ ಕೋಟು, ಒಂದು ಕಾಲನ್ನು ಕೊಕ್ಕರೆಯ ಹಾಗೆ ಮಡಚಿ ಎತ್ತಿಕೊಂಡಿದ್ದಾರೆ. ಇದು ಶುರುವಾದದ್ದು ಕೊಳಲಿನಿಂದಲ್ಲ. ಮೌತ್ ಆರ್ಗನ್ ನುಡಿಸುವಾಗ ಮೈಕಿನ ಕಂಬಕ್ಕೆ ಜೋತು ಬಿದ್ದು ಒಂದು ಕಾಲೆತ್ತುವ ಅಭ್ಯಾಸ ಅವರಿಗಿತ್ತು. ಪತ್ರಿಕೆಯವರು ಒಂಟಿ ಕಾಲಿನಲ್ಲಿ ನಿಂತು ಕೊಳಲೂದುವವನು ಎಂದು ತಪ್ಪಾಗಿ ಬರೆದರು. ಬರೆದದ್ದನ್ನು ನಿಜ ಮಾಡಲು ಆಂಡರ್ಸನ್ ಅದನ್ನೂ ಅಭ್ಯಾಸ ಮಾಡಿದರು. ಕೃಷ್ಣನ ವಿಷಯ ಅವರಿಗೆ ತಿಳಿದದ್ದು ಆಮೇಲೆ. ಚಿತ್ರ ತೆರೆಯ ಮೇಲೆ ಬಂದ ಕೂಡಲೇ ಮುಂದಿನ ಸಾಲಿನ ಹಿರಿಯರು "ವೇಣುಗೋಪಾಲ" ಎಂದದ್ದು ಕೇಳಿಸಿತು. ನಿಜ, ಸೋಮನಾಥಪುರದ ದೇವಾಲಯದ ಮೂರು ಗರ್ಭಗುಡಿಗಳಲ್ಲಿ ಒಂದರಲ್ಲಿ ನಿಂತಿರುವವನು ಅವನೇ. ಆದರೆ ಅಲ್ಲಿ ಒಂದು ಕಾಲು ಇನ್ನೊಂದರ ಮುಂದೆ ಹಾದು ತುದಿಬೆರಳಿನಲ್ಲಿ ನೆಲ ಮುಟ್ಟಿದೆ. ದೇಹ ಮೂರು ಕಡೆ ಬಳುಕಿ ಆರಾಮವಾಗಿದೆ. ಆಂಡರ್ಸನ್‌ಗೆ ಆ ಆರಾಮವಿಲ್ಲ. ಬೀಳದಿರುವುದೇ ಅಲ್ಲಿನ ಆಟ.

1968ರ ಆಗಸ್ಟಿನಲ್ಲಿ ಸನ್‌ಬರಿಯ ಜಾಜ್ ಮತ್ತು ಬ್ಲೂಸ್ ಉತ್ಸವದಲ್ಲಿ ತಂಡ ಜನರ ಕಣ್ಣಿಗೆ ಬಿತ್ತು. ಮೂಲ ಗಿಟಾರ್ ವಾದಕ ಮಿಕ್ ಏಬ್ರಹಾಮ್ಸ್ ಬ್ಲೂಸನ್ನೇ ಮುಂದುವರಿಸಬೇಕೆಂದರು, ಆಂಡರ್ಸನ್ ಒಪ್ಪಲಿಲ್ಲ. ಏಬ್ರಹಾಮ್ಸ್ ಹೊರಟರು. ಆ ಜಾಗಕ್ಕೆ ಬಂದ ಮಾರ್ಟಿನ್ ಬಾರ್ ನಾಲ್ಕು ದಶಕ ಜೊತೆಗಿದ್ದರು. 1969ರ ಎರಡನೆಯ ಆಲ್ಬಮ್ 'ಸ್ಟ್ಯಾಂಡ್ ಅಪ್' ಬ್ರಿಟನ್ನಿನಲ್ಲಿ ಮೊದಲ ಸ್ಥಾನಕ್ಕೇರಿತು. ಅದರಲ್ಲಿರುವ 'ಬೂರೇ' ಜರ್ಮನಿಯ ಶಾಸ್ತ್ರೀಯ ರಚನಕಾರ ಬಾಖ್ ಲ್ಯೂಟ್ ಎಂಬ ತಂತಿವಾದ್ಯಕ್ಕೆಂದು ಬರೆದ ನೃತ್ಯದ ತುಣುಕು. (ಕೇಳಿಸಿದೆ.) ಮೊದಲ ಸುತ್ತು ಬಾಖ್‌ನದೇ. ಆಮೇಲೆ ಲಯ ಓಲಾಡಲು ತೊಡಗುತ್ತದೆ, ಕೊಳಲು ಗೊಣಗುತ್ತದೆ, ಉಗುಳುತ್ತದೆ. ನಮ್ಮ ನಾಗಸ್ವರದವರು ತುತ್ತುಕಾರ ಎನ್ನುವಂತಹ ನಾಲಿಗೆಯ ಬಡಿತ ಇಲ್ಲೂ ಇದೆ, ಇನ್ನೂ ಒರಟಾಗಿ. ಶಾಸ್ತ್ರೀಯ ಕೊಳಲಿನ ಶಿಕ್ಷಕರು ಗಾಳಿಯ ಸದ್ದನ್ನು ಅಡಗಿಸಲು ವರ್ಷಗಟ್ಟಲೆ ತಿದ್ದುತ್ತಾರೆ. ಇವರು ಅದೇ ಸದ್ದನ್ನು ಮೈಕಿಗೆ ಹತ್ತಿರ ಹಿಡಿದರು. ಗಿಟಾರಿನ ಬದಲಿಗೆ ಕೊಳಲಿನ ಜೊತೆ ತಂದ ಆ ಮೈಕು ಇಲ್ಲಿ ಕೊಳಲಿನಷ್ಟೇ ಮುಖ್ಯ ಎಂದು ನನ್ನ ಭಾವನೆ. ಅದಿಲ್ಲದಿದ್ದರೆ ಡ್ರಮ್ಮಿನ ಮುಂದೆ ಆ ಗೊಣಗಾಟ ಯಾರಿಗೂ ಕೇಳುತ್ತಿರಲಿಲ್ಲ.

ಅದೇ ವರ್ಷದ 'ಲಿವಿಂಗ್ ಇನ್ ದಿ ಪಾಸ್ಟ್' ಐದು ಎಣಿಕೆಯ ಹಾಡು. ಬ್ರಿಟನ್ನಿನಲ್ಲಿ ಮೂರನೆಯ ಸ್ಥಾನಕ್ಕೆ ಹೋಯಿತು. ತೊಡೆಯ ಮೇಲೆ ತಾಳ ಹಾಕಿ ನೋಡಿ: ತಕಿಟ ತಕಿಟ ತಕ ತಕ. ಖಂಡ ಚಾಪು ಗೊತ್ತಿರುವವರಿಗೆ ಐದು ಹೆದರಿಸುವ ಸಂಖ್ಯೆಯಲ್ಲ. ನಾಲ್ಕಕ್ಕೆ ಕುಣಿದು ಅಭ್ಯಾಸವಾದ ಜನರಿಗೆ ಐದನ್ನು ಗೊತ್ತೇ ಆಗದಂತೆ ದಾಟಿಸಿದ್ದು ಆ ಹಾಡಿನ ಜಾಣ್ಮೆ.

ಪ್ರೊಗ್ರೆಸಿವ್ ರಾಕ್ ಎಂದು ಈ ಉಪನ್ಯಾಸದ ಪ್ರಕಟಣೆಯಲ್ಲಿ ಹಾಕಿದ್ದಾರೆ, ಅದನ್ನೊಂದು ಮಾತಿನಲ್ಲಿ ಹೇಳುತ್ತೇನೆ. ಅರವತ್ತರ ದಶಕದ ಕೊನೆಗೆ ಬ್ರಿಟನ್ನಿನ ಕೆಲವು ತಂಡಗಳಿಗೆ ಮೂರು ನಿಮಿಷದ ಪ್ರೇಮಗೀತೆ ಸಾಕೆನಿಸಿತು. ಶಾಸ್ತ್ರೀಯ, ಜಾಜ್, ಜಾನಪದ ಎಲ್ಲದರಿಂದ ಎತ್ತಿಕೊಂಡು ಉದ್ದದ, ತಾಳ ಬದಲಾಗುವ, ಒಂದೇ ವಿಷಯದ ಸುತ್ತ ಹೆಣೆದ ರಚನೆಗಳನ್ನು ಮಾಡಿದರು. ಕೆಲವು ಅದ್ಭುತ, ಕೆಲವು ಶುದ್ಧ ಜಂಬ.

1971ರ 'ಆಕ್ವಲಂಗ್' ಅವರ ಅತಿ ಹೆಚ್ಚು ಮಾರಾಟವಾದ ಕೃತಿ. ಆಗಿನ ಪತ್ನಿ ಜೆನ್ನಿ ಛಾಯಾಗ್ರಹಣ ಕಲಿಯುತ್ತಿದ್ದರು. ಲಂಡನ್ನಿನ ಬೀದಿಯಲ್ಲಿ ಬದುಕುವ ನಿರ್ಗತಿಕರ ಚಿತ್ರಗಳನ್ನು ತೆಗೆದಿದ್ದರು. ಅವುಗಳಿಂದ ಶೀರ್ಷಿಕೆ ಹಾಡು ಹುಟ್ಟಿತು, ಸಾಹಿತ್ಯದಲ್ಲಿ ಅವರ ಪಾಲೂ ಇದೆ. ಆಕ್ವಲಂಗ್ ಎಂದರೆ ಮುಳುಗುಗಾರರು ನೀರಿನಡಿಯಲ್ಲಿ ಉಸಿರಾಡಲು ಕಟ್ಟಿಕೊಳ್ಳುವ ಉಪಕರಣ. ಹಾಡಿನ ಮುದುಕನ ಎದೆ ಹಾಗೆ ಗೊರಗುಡುತ್ತದೆ, ಅದಕ್ಕೇ ಆ ಹೆಸರು. ಸೋಜಿಗವೆಂದರೆ, ಕೊಳಲಿನಿಂದ ಹೆಸರಾದ ತಂಡದ ಅತಿ ಪ್ರಸಿದ್ಧವಾದ ಈ ಹಾಡಿನಲ್ಲಿ ಕೊಳಲೇ ಇಲ್ಲ. ಅದಕ್ಕೆ ಅದೇ ಆಲ್ಬಮ್ಮಿನ 'ಲೋಕೋಮೋಟಿವ್ ಬ್ರೆತ್' ಕೇಳಬೇಕು. ನಿಲ್ಲಿಸಲಾಗದ ರೈಲಿನ ಹಾಡು; ಜನಸಂಖ್ಯೆಯ ನಾಗಾಲೋಟ ತಮ್ಮ ಮನಸ್ಸಿನಲ್ಲಿತ್ತು ಎಂದು ಆಂಡರ್ಸನ್ ಹೇಳಿದ್ದಾರೆ. (ಕೇಳಿಸಿದೆ.) ನಡುವಿನ ಕೊಳಲಿನಲ್ಲಿ ಉಗಿ ಇದೆ, ಶಿಳ್ಳೆ ಇದೆ, ಏದುಸಿರಿದೆ. ನಾನು ಹಾಸ್ಟೆಲಿನಲ್ಲಿ ಕೇಳಿದ್ದು ಇದನ್ನೇ.

ವಿಮರ್ಶಕರು 'ಆಕ್ವಲಂಗ್' ಒಂದೇ ಕಥಾವಸ್ತುವಿನ ಆಲ್ಬಮ್ ಎಂದರು. ಅಲ್ಲ ಎಂದು ಆಂಡರ್ಸನ್ ಎಷ್ಟು ಹೇಳಿದರೂ ಕೇಳಲಿಲ್ಲ. ಸರಿ, ಅದೇ ಬೇಕಿದ್ದರೆ ಎಲ್ಲ ಕಥಾವಸ್ತುಗಳ ಅಪ್ಪನನ್ನೇ ಕೊಡುತ್ತೇನೆ ಎಂದು ಹಟ ಹಿಡಿದು 1972ರಲ್ಲಿ 'ಥಿಕ್ ಆ್ಯಸ್ ಎ ಬ್ರಿಕ್' ಮಾಡಿದರು. ತಟ್ಟೆಯ ಎರಡೂ ಮಗ್ಗುಲು ಸೇರಿ ಒಂದೇ ರಚನೆ, ಸುಮಾರು 44 ನಿಮಿಷ. ಸಾಹಿತ್ಯ ಬರೆದವನು ಜೆರಾಲ್ಡ್ ಬಾಸ್ಟಾಕ್ ಎಂಬ ಎಂಟು ವರ್ಷದ ಬಾಲಕವಿ ಎಂದು ಸುಳ್ಳು ಹೇಳಿದರು. ಹೊದಿಕೆಯೇ 12 ಪುಟಗಳ ಒಂದು ಊರ ಪತ್ರಿಕೆ: ಸುದ್ದಿ, ಜಾಹೀರಾತು, ಪದಬಂಧ ಎಲ್ಲ ಅದರಲ್ಲಿತ್ತು. ಸಂಗೀತಕ್ಕಿಂತ ಆ ಪತ್ರಿಕೆಗೇ ಹೆಚ್ಚು ಕಾಲ ಹಿಡಿಯಿತಂತೆ. ರಚನೆಯಾದ ಬಗೆಯೂ ಪತ್ರಿಕೆಯ ಕೆಲಸದಂತೆಯೇ ಇತ್ತು: ಬೆಳಗ್ಗೆ ಆಂಡರ್ಸನ್ ಕೆಲವು ನಿಮಿಷಗಳ ಸಂಗೀತ ಬರೆದುಕೊಂಡು ಹೋಗುವುದು, ಅಂದೇ ತಂಡ ಅದನ್ನು ಕಲಿತು ನಿನ್ನೆಯದಕ್ಕೆ ಜೋಡಿಸುವುದು. ಅಣಕವೆಂದು ಶುರುವಾದದ್ದು ಅಮೆರಿಕದಲ್ಲಿ ಮೊದಲ ಸ್ಥಾನಕ್ಕೇರಿತು. ಎಷ್ಟೋ ಜನ ಜೆರಾಲ್ಡ್ ನಿಜವಾಗಿ ಇದ್ದಾನೆಂದೇ ನಂಬಿದರು. ನನಗೆ ಅವರ ಒಂದೇ ಒಂದು ಕೃತಿ ಇಟ್ಟುಕೊಳ್ಳಿ ಎಂದರೆ ಇದನ್ನೇ ಇಟ್ಟುಕೊಳ್ಳುತ್ತೇನೆ. ಒಬ್ಬ ಗಾಯಕನಾಗಿಯೋ ಕೊಳಲುಗಾರನಾಗಿಯೋ ಅಲ್ಲ, ರಚನಕಾರನಾಗಿ ಆಂಡರ್ಸನ್ ಏನೆಂಬುದು ಇಲ್ಲಿ ಗೊತ್ತಾಗುತ್ತದೆ. ಮೊದಲ ಎರಡು ನಿಮಿಷದಲ್ಲಿ ಬಂದ ಪುಟ್ಟ ಗಿಟಾರ್ ಎಳೆ ಅರ್ಧ ಗಂಟೆಯ ನಂತರ ಬೇರೆ ವೇಷದಲ್ಲಿ ಬಂದು ನಿಲ್ಲುತ್ತದೆ.

ಮರುವರ್ಷದ 'ಎ ಪ್ಯಾಶನ್ ಪ್ಲೇ' ಅದೇ ಸೂತ್ರದ್ದು, ಅಣಕದ ನಗು ಮಾತ್ರ ಇಲ್ಲ. ಅದೂ ಅಮೆರಿಕದಲ್ಲಿ ಮೊದಲ ಸ್ಥಾನ ಪಡೆಯಿತು, ವಿಮರ್ಶಕರು ಹಿಗ್ಗಾಮುಗ್ಗಾ ಬೈದರು. ಬೈದವರ ಪಕ್ಷ ಪೂರ್ತಿ ತಪ್ಪೆಂದು ನಾನು ಹೇಳಲಾರೆ. ಎಪ್ಪತ್ತರ ದಶಕದ ಕೊನೆಗೆ ಹಳ್ಳಿಯ ಬದುಕು, ಕಾಡು, ಉಳುವ ಕುದುರೆಗಳ ಬಗ್ಗೆ ಬರೆದ 'ಸಾಂಗ್ಸ್ ಫ್ರಮ್ ದಿ ವುಡ್', 'ಹೆವಿ ಹಾರ್ಸಸ್' ನನಗೆ ಹೆಚ್ಚು ಪ್ರಿಯ. ಆ ಕಾಲದಲ್ಲೇ ಅವರು ಸ್ಕಾಟ್ಲೆಂಡಿನ ಸ್ಕೈ ದ್ವೀಪದಲ್ಲಿ ಜಮೀನು ಕೊಂಡರು, ಮುಂದೆ ಸಾಲ್ಮನ್ ಮೀನು ಸಾಕಣೆಗೆ ಇಳಿದರು. ಅದು ನೂರಾರು ಜನರಿಗೆ ಕೆಲಸ ಕೊಡುವ ಉದ್ಯಮವಾಗಿ ಬೆಳೆಯಿತು. ಮಾದಕ ವಸ್ತುಗಳಿಂದ ದೂರವಿದ್ದು, ಲೆಕ್ಕಪತ್ರ ಸ್ವತಃ ನೋಡುತ್ತಿದ್ದ ರಾಕ್ ತಾರೆ ಆ ಕಾಲಕ್ಕೆ ಅಪರೂಪ. ಇದಕ್ಕೆ ಇನ್ನೊಂದು ಮುಖವೂ ಇದೆ. ತಂಡ ಅವರ ತಂಡ. ಸದಸ್ಯರು ಬಂದರು, ಹೋದರು. 1980ರಲ್ಲಿ ಹಳಬರು ಹೊರಬಿದ್ದ ರೀತಿ ಎಲ್ಲರಿಗೂ ಸಮಾಧಾನ ತಂದದ್ದಲ್ಲ.

ಈಗ ಮತ್ತೆ ಉಸಿರಿಗೆ ಬರುತ್ತೇನೆ. 1984ರಲ್ಲಿ 'ಅಂಡರ್ ರ‍್ಯಾಪ್ಸ್' ಎಂಬ ಆಲ್ಬಮ್ ಬಂತು. ಅದರ ಹಾಡುಗಳು ತಾರಸ್ಥಾಯಿಯಲ್ಲೇ ಓಡಾಡುತ್ತವೆ. ಪ್ರವಾಸದಲ್ಲಿ ರಾತ್ರಿ ರಾತ್ರಿ ಅವನ್ನು ಹಾಡಿ ಗಂಟಲು ಕೈಕೊಟ್ಟಿತು. ವಿಶ್ರಾಂತಿ ತೆಗೆದುಕೊಂಡರೂ ಹಳೆಯ ಎತ್ತರ ಪೂರ್ತಿಯಾಗಿ ಮರಳಲಿಲ್ಲ. ಆಮೇಲಿನ ಕಛೇರಿಗಳನ್ನು ಕೇಳಿದವರಿಗೆ ಗೊತ್ತು: ಮೇಲಿನ ಸ್ವರಕ್ಕೆ ಕತ್ತು ಚಾಚುತ್ತಾರೆ, ಸ್ವರ ಸಿಗುವುದಿಲ್ಲ. ಅಭಿಮಾನಿಗಳು ಇದನ್ನು ಮುಚ್ಚಿಡುತ್ತಾರೆ, ಮುಚ್ಚಿಡುವ ಅಗತ್ಯ ನನಗೆ ಕಾಣುವುದಿಲ್ಲ. ಧ್ವನಿ ಕುಗ್ಗಿದ ಮೇಲೆ ಭಾರವನ್ನು ಕೊಳಲು ಹೊತ್ತುಕೊಂಡಿತು.

1987ರ 'ಕ್ರೆಸ್ಟ್ ಆಫ್ ಎ ನೇವ್' ಆಲ್ಬಮ್ಮಿಗೆ 1989ರಲ್ಲಿ ಗ್ರ್ಯಾಮಿ ಪ್ರಶಸ್ತಿ ಬಂತು, ಅದೂ ಹಾರ್ಡ್ ರಾಕ್ ಮತ್ತು ಮೆಟಲ್ ವಿಭಾಗದಲ್ಲಿ, ಮೆಟಾಲಿಕಾ ತಂಡವನ್ನು ಹಿಂದಿಕ್ಕಿ. ಗೆಲ್ಲುವುದಿಲ್ಲವೆಂದು ಅವರ ಆಲ್ಬಮ್ ಹೊರತರುವ ಕಂಪನಿಯವರೇ ಹೇಳಿದ್ದರಿಂದ ಟಲ್ ತಂಡದ ಒಬ್ಬರೂ ಸಮಾರಂಭಕ್ಕೆ ಹೋಗಿರಲಿಲ್ಲ. ಸಭೆಯಲ್ಲಿ ಕೂಗಾಟವಾಯಿತು. ಅದಕ್ಕೆ ಉತ್ತರವಾಗಿ ಕಂಪನಿ ಪತ್ರಿಕೆಯಲ್ಲಿ ಜಾಹೀರಾತು ಹಾಕಿಸಿತು: ಕಬ್ಬಿಣದ ಸರಳುಗಳ ರಾಶಿ, ನಡುವೆ ಒಂದು ಕೊಳಲು, ಕೊಳಲೂ ಲೋಹದ ವಾದ್ಯವೇ ಎಂಬರ್ಥದ ಒಂದು ಸಾಲು. ಮೂರು ವರ್ಷದ ನಂತರ ಮೆಟಲ್ ವಿಭಾಗದ ಗ್ರ್ಯಾಮಿ ಸಿಕ್ಕಾಗ ಮೆಟಾಲಿಕಾದ ಲಾರ್ಸ್ ಉಲ್ರಿಕ್ ವೇದಿಕೆಯಲ್ಲಿ, ಈ ವರ್ಷ ಆಲ್ಬಮ್ ತರದೇ ಇದ್ದುದಕ್ಕೆ ಜೆಥ್ರೊ ಟಲ್‌ಗೆ ವಂದನೆ ಹೇಳಿದರು.

ಈ ಪ್ರಶಸ್ತಿಗಿಂತ ನನ್ನನ್ನು ಹೆಚ್ಚು ತಟ್ಟಿದ್ದು ಅದರ ನಂತರದ ಒಂದು ಸಣ್ಣ ಸಂಗತಿ. ತೊಂಬತ್ತರ ದಶಕದ ಆರಂಭದಲ್ಲಿ ಅವರ ಮಗಳು ಶಾಲೆಯಲ್ಲಿ ಕೊಳಲು ಕಲಿಯಲು ತೊಡಗಿದಳು. ಅಪ್ಪನ ಬೆರಳುಗಳನ್ನು ನೋಡಿ, ನೀವು ಇಡುವುದು ತಪ್ಪು ಎಂದಳು. ಪುಸ್ತಕ ತೆಗೆದು ನೋಡಿದರೆ ಮಗಳ ಮಾತೇ ಸರಿ. ಇಪ್ಪತ್ತು ವರ್ಷಕ್ಕೂ ಮೇಲ್ಪಟ್ಟು ಜಗತ್ತಿನ ದೊಡ್ಡ ವೇದಿಕೆಗಳ ಮೇಲೆ ನುಡಿಸಿದ್ದೆಲ್ಲ ಸ್ವಂತ ಕಲ್ಪನೆಯ ಬೆರಳುಗಾರಿಕೆಯಲ್ಲಿ. ನಲವತ್ತು ದಾಟಿದ ಆ ಮನುಷ್ಯ ಮೊದಲಿನಿಂದ ಕಲಿತರು. ಒಂದು ಸ್ವರಕ್ಕೆ ಹೊಂದಿಕೊಂಡ ಬೆರಳನ್ನು ಬೇರೆ ಕಡೆ ಇಡುವುದು ಎಷ್ಟು ಕಷ್ಟ ಎಂದು ಗೊತ್ತಿರುವವರಿಗೆ ಇದರ ಬೆಲೆ ಗೊತ್ತು. ಫಲ 1995ರ 'ಡಿವಿನಿಟೀಸ್' ಆಲ್ಬಮ್ಮಿನಲ್ಲಿದೆ. ಹಾಡಿಲ್ಲದ, ಬರೀ ವಾದ್ಯದ ಹನ್ನೆರಡು ರಚನೆಗಳು; ಬೇರೆ ಬೇರೆ ನಾಡುಗಳ ದೈವಭಾವದ ಸುತ್ತ ಕಟ್ಟಿದವು. ಬೊಂಬಾಯಿಯ ಹೆಸರು ಹೊತ್ತ ಒಂದು ರಚನೆಯೂ ಇದೆ. (ಅದರ ಒಂದು ಭಾಗ ಕೇಳಿಸಿದೆ.) ಸ್ವರ ದುಂಡಗಾಗಿದೆ, ಶ್ರುತಿ ನಿಂತಿದೆ. ಹಳೆಯ ಉಗುಳಾಟ ಕಡಿಮೆ. ಪ್ರಾಮಾಣಿಕವಾಗಿ ಹೇಳಬೇಕೆಂದರೆ ನನಗೆ ಆ ಹಳೆಯ ಒರಟೇ ಇಷ್ಟ, ಆದರೆ ಅದು ಕೇಳುವವನ ಸ್ವಾರ್ಥ.

ಭಾರತದ ಜೊತೆ ಅವರಿಗೆ ನಂಟಿದೆ. ಭಾರತೀಯ ಅಡುಗೆಯ ಹುಚ್ಚು ಎಷ್ಟೆಂದರೆ ಹೊಸಬರಿಗಾಗಿ ಅದರ ಕೈಪಿಡಿಯನ್ನೇ ಬರೆದಿದ್ದಾರೆ. 2008ರ ನವೆಂಬರಿನಲ್ಲಿ ಸಿತಾರ್ ವಾದಕಿ ಅನೌಷ್ಕಾ ಶಂಕರ್ ಜೊತೆ ಮುಂಬೈಯಲ್ಲಿ ಕಛೇರಿ ನಿಗದಿಯಾಗಿತ್ತು. 26ರ ದಾಳಿಯಿಂದ ರದ್ದಾಯಿತು. ಅವರು ಹಾಗೇ ಹೊರಟುಹೋಗಲಿಲ್ಲ. ಡಿಸೆಂಬರಿನಲ್ಲಿ ಅದೇ ಊರಿನಲ್ಲಿ ಸಂತ್ರಸ್ತರ ನೆರವಿಗಾಗಿ ಇಬ್ಬರೂ ನುಡಿಸಿದರು.

2011ರ ಏಪ್ರಿಲಿನಲ್ಲಿ, ಗಗಾರಿನ್ ಬಾಹ್ಯಾಕಾಶಕ್ಕೆ ಹೋಗಿ 50 ವರ್ಷವಾದ ನೆನಪಿಗೆ, ಅಂತರಿಕ್ಷ ನಿಲ್ದಾಣದಲ್ಲಿದ್ದ ಕ್ಯಾಡಿ ಕೋಲ್ಮನ್ ಮತ್ತು ಭೂಮಿಯ ಮೇಲಿದ್ದ ಆಂಡರ್ಸನ್ ಜೊತೆಯಾಗಿ 'ಬೂರೇ' ನುಡಿಸಿದರು. ಕೋಲ್ಮನ್ ಗಗನಯಾತ್ರಿ, ಕೊಳಲನ್ನೂ ಬಲ್ಲವರು. ಆಂಡರ್ಸನ್ ಕೊಟ್ಟ ಕೊಳಲನ್ನು ಮೇಲಕ್ಕೆ ಒಯ್ದಿದ್ದರು. ಆಕೆಗೆ ನೆಲವೇ ಇಲ್ಲ, ಒಂಟಿ ಕಾಲಿನಲ್ಲಿ ನಿಲ್ಲುವ ಪ್ರಶ್ನೆಯೂ ಇಲ್ಲ.

2020ರಲ್ಲಿ ಆಂಡರ್ಸನ್ ಒಂದು ಸಂದರ್ಶನದಲ್ಲಿ ತಮಗೆ ಸಿಒಪಿಡಿ ಇದೆ ಎಂದರು. ಶ್ವಾಸನಾಳ ಕಿರಿದಾಗುತ್ತಾ ಹೋಗುವ, ಪೂರ್ತಿ ಗುಣವಾಗದ ಕಾಯಿಲೆ. ದಶಕಗಳ ಕಾಲ ವೇದಿಕೆಯ ಹೊಗೆ ಯಂತ್ರಗಳ ನಡುವೆ ನಿಂತದ್ದೇ ಇದಕ್ಕೆ ಕಾರಣ ಎಂದು ಅವರು ನಂಬಿದ್ದಾರೆ. 23ನೆಯ ವಯಸ್ಸಿನಲ್ಲಿ ಎದೆ ಗೊರಗುಡುವ ಮುದುಕನ ಹಾಡು ಬರೆದವರಿಗೆ ಮುಪ್ಪಿನಲ್ಲಿ ಬಂದದ್ದು ಇದು. ಅದಾದ ಮೇಲೂ 2022, 2023, 2025ರಲ್ಲಿ ಹೊಸ ಆಲ್ಬಮ್‌ಗಳು ಬಂದಿವೆ. ಅವುಗಳಲ್ಲಿ ಹಾಡಿನ ಸಾಲುಗಳು ಗಿಡ್ಡವಾಗಿವೆ, ಮಾತಿನ ಹತ್ತಿರಕ್ಕೆ ಬಂದಿವೆ. ಕೊಳಲಿನ ಸಾಲುಗಳು ಈಗಲೂ ಉದ್ದವಾಗಿಯೇ ಇವೆ.

ಮಾತು ಮುಗಿದ ಮೇಲೆ ಕೊಳಲು ಕಲಿಯುತ್ತಿರುವ ಹುಡುಗಿಯೊಬ್ಬಳು ಎದ್ದು, "ಸರ್, ಬಿದಿರಿನ ಕೊಳಲಿನಲ್ಲಿ ಹಾಗೆ ಗುನುಗಿದರೆ ಬರುತ್ತದೆಯೇ?" ಎಂದು ಕೇಳಿದಳು. ಬರುತ್ತದೆ ಎಂದೆ. ಗಂಟಲಿನ ಸ್ವರವನ್ನು ಕೊಳಲಿನ ಸ್ವರಕ್ಕಿಂತ ಒಂದು ಸ್ಥಾಯಿ ಕೆಳಗೆ ಹಿಡಿ, ಗಾಳಿಯನ್ನು ಮಾಮೂಲಿಗಿಂತ ಜಾಸ್ತಿ ಬಿಡು, ಎರಡನೆಯ ಸಾಲಿಗೆ ತಲೆ ಸುತ್ತುತ್ತದೆ, ಕುಳಿತುಕೊಂಡೇ ಮಾಡು. ಪಾಠದ ಹೊತ್ತಿನಲ್ಲಿ ಮಾತ್ರ ಬೇಡ.